ಕೊಸ್ಕೆಲಾ ಮನೆಯ ಹುಡುಗ

ಡುಲೂತ್, ಮಿನೆಸೋಟಾ
5 ನವೆಂಬರ್ 2018

ವೆರ್ನಾ,

ಲಕೋಟೆಯ ಮೇಲಿನ ಅಕ್ಷರ ನೋಡಿಯೇ ಇದನ್ನು ಒಲೆಗೆ ಹಾಕೋಣ ಅನ್ನಿಸಿರುತ್ತದೆ. ಹಾಕುವ ಮುಂಚೆ ಒಂದು ಸಲ ಓದು. ನಲವತ್ತೊಂದು ವರ್ಷದಲ್ಲಿ ನಾನು ನಿನ್ನನ್ನು ಏನೂ ಕೇಳಿಲ್ಲ. ಈಗ ಕೇಳಲೇಬೇಕಾಗಿದೆ. ಫೋನ್ ಮಾಡಿದರೆ ನನ್ನ ದನಿ ಕೇಳಿದ ಕೂಡಲೇ ಇಟ್ಟುಬಿಡುತ್ತೀಯ, ಅದಕ್ಕೇ ಕಾಗದ.

ಹೋದ ತಿಂಗಳು ನಿಮ್ಮ ಕಡೆಯ ಶೆರಿಫ್ ಕಚೇರಿಯಿಂದ ಡಾನಾ ಟ್ರೆಂಬಾತ್ ಅನ್ನುವ ಪತ್ತೇದಾರಿ ನನ್ನ ಮನೆಗೆ ಬಂದಿದ್ದಳು. 1977ರಲ್ಲಿ ನನ್ನ ತಂಗಿ ಇಂಪಿ ಸತ್ತಾಗ ಈಕೆ ಹುಟ್ಟಿರಲೂ ಇಲ್ಲ. ಬೂಟು ಬಾಗಿಲಲ್ಲೇ ಬಿಚ್ಚಿ, ಬರೀ ಸಾಕ್ಸಿನಲ್ಲಿ ಬಂದು ಕೂತು, "ನಿಮ್ಮ ತಂಗಿ ಹೇಗಿದ್ದಳು, ಹೇಳಿ" ಅಂದಳು. ಇಷ್ಟು ವರ್ಷದಲ್ಲಿ ಯಾವ ಪೊಲೀಸಿನವನೂ ಹಾಗೆ ಕೇಳಿರಲಿಲ್ಲ. ಅವಳು ಯಾರ್ಯಾರ ಜೊತೆ ಓಡಾಡುತ್ತಿದ್ದಳು ಅಂತಲೇ ಎಲ್ಲರೂ ಕೇಳಿದ್ದು.

ಇಂಪಿಯ ನೀಲಿ ಕೋಟು ಕೋರ್ಟಿನ ನೆಲಮಾಳಿಗೆಯಲ್ಲಿ, ಒಂದು ಕಾಗದದ ಚೀಲದಲ್ಲಿ ಇನ್ನೂ ಇದೆಯಂತೆ. ಅದರ ತೋಳಿನ ಮೇಲೆ ಅವಳದಲ್ಲದ ರಕ್ತ ಇದೆ. ಅವಳು ಕಚ್ಚಿದ್ದಳು, ಪರಚಿದ್ದಳು, ಸುಮ್ಮನೆ ಸತ್ತಿರಲಿಲ್ಲ. ಅವತ್ತು ಅದನ್ನು ಓ ಗುಂಪಿನ ರಕ್ತ ಅಂತ ಬರೆದು ಕಟ್ಟಿಟ್ಟಿದ್ದರು. ಊರಲ್ಲಿ ಅರ್ಧ ಜನರದ್ದು ಓ. ಈಗ ಆ ಕಲೆಯಿಂದ ಡಿಎನ್ಎ ತೆಗೆದಿದ್ದಾರೆ. ತಮ್ಮ ಮೂಲ ಹುಡುಕಿಕೊಳ್ಳಲು ಎಂಜಲು ಕಳಿಸುವ ಜನರಿದ್ದಾರಲ್ಲ, ಅಂಥವರ ಪಟ್ಟಿಯಲ್ಲಿ ಕೊಂದವನಿಗೆ ದೂರದ ನೆಂಟರಾದ ಇಬ್ಬರು ಸಿಕ್ಕಿದರು. ಒಬ್ಬಳು ಆರೆಗನ್‌ನ ಶಾಲಾ ಟೀಚರು, ಇನ್ನೊಬ್ಬ ಫಿನ್ಲೆಂಡಿನ ಮುದುಕ. ಇಬ್ಬರಿಗೂ ಏನೂ ಗೊತ್ತಿಲ್ಲ ಪಾಪ. ಅವರ ಮುತ್ತಾತ, ಮುತ್ತಜ್ಜಿ, ಚರ್ಚಿನ ದಾಖಲೆ, ಹಡಗಿನ ಪಟ್ಟಿ ಅಂತ ಒಬ್ಬ ಹೆಂಗಸು ಏಳು ತಿಂಗಳು ಕೂತು ವಂಶವೃಕ್ಷ ಬರೆದಳಂತೆ. ಎರಡು ಕೊಂಬೆಯೂ ಬಂದು ಕೂಡಿದ್ದು ಒಂದೇ ಮನೆಯಲ್ಲಿ. 1906ರಲ್ಲಿ ತಾಮ್ರದ ಗಣಿ ಕೆಲಸಕ್ಕೆ ಬಂದ ಮಟ್ಟಿ ಕೊಸ್ಕೆಲಾ, ಅವನ ಹೆಂಡತಿ ಹಿಲ್ಯಾ. ನಿನ್ನ ಅಜ್ಜ, ನಿನ್ನ ಅಜ್ಜಿ.

ಇಂಪಿಯನ್ನು ಕೊಂದವನು ಅವರ ಮೊಮ್ಮಗ.

ನಾನು ಅವತ್ತೇ ಹೇಳಿದ್ದೆ. ಸಾಯುವ ವಾರದಲ್ಲಿ ಇಂಪಿ ನನ್ನ ಹತ್ತಿರ, ಆರ್ವೋ ಕೊಸ್ಕೆಲಾ ಕಾಟ ಕೊಡ್ತಾನೆ ಅಂದಿದ್ದಳು. ಅದನ್ನೇ ಶೆರಿಫ್‌ಗೆ ಹೇಳಿದೆ. ನಿನ್ನ ಅಣ್ಣನ ಹೆಸರು ಹೇಳಿದೆ ಅಂತ ನೀನು ನನ್ನ ಮುಖದ ಮೇಲೆ ಬಾಗಿಲು ಹಾಕಿದೆ.

ಆರ್ವೋ ಈಗಿಲ್ಲ. ನೀನಿದ್ದೀಯ. ಡಾನಾ ಎರಡು ಸಲ ಬಂದರೂ ನೀನು ಬಾಗಿಲು ತೆಗೆಯಲಿಲ್ಲವಂತೆ. ಒಂದು ಸಣ್ಣ ಕೊಳವೆಗೆ ಉಗುಳಿ ಕೊಟ್ಟರೆ ಸಾಕು. ಕೊಡು.

ಐಲಿ ಪೆಲ್ಟೊ


ಲಿನ್ನಾ ಬೇ, ಮಿಷಿಗನ್
17 ನವೆಂಬರ್ 2018

ಐಲಿ,

ಒಲೆಗೆ ಹಾಕಲಿಲ್ಲ. ಒಲೆ ಕಿತ್ತು ಗ್ಯಾಸ್ ಹೀಟರ್ ಹಾಕಿಸಿ ಎಂಟು ವರ್ಷವಾಯಿತು. ನಿನಗೆ ಹೇಗೆ ಗೊತ್ತಿರಬೇಕು.

ನನ್ನ ಅಣ್ಣನ ಕಥೆ ನೀನು ಪೂರ್ತಿ ಕೇಳಿಲ್ಲ. ನೀನು ಹೆಸರು ಹೇಳಿದೆ, ಮುಂದಿನ ವಸಂತಕ್ಕೆ ಊರು ಬಿಟ್ಟೆ. ನಾವು ಇಲ್ಲೇ ಇದ್ದೆವು. ಆರ್ವೋನನ್ನು ಶೆರಿಫ್ ಆರು ಸಲ ಕರೆಸಿದ. ಆದರೆ ಹಿಡಿಯಲಿಲ್ಲ, ಕೋರ್ಟಿಗೆ ಎಳೆಯಲಿಲ್ಲ. ಎಳೆದಿದ್ದರೆ ಚೆನ್ನಾಗಿತ್ತು, ಬಿಡುಗಡೆಯಾದರೂ ಆಗುತ್ತಿತ್ತು. ಅವನು ಬೇಕರಿಗೆ ಬಂದರೆ ಮಾತು ನಿಲ್ಲುತ್ತಿತ್ತು. ಚರ್ಚಿನಲ್ಲಿ ಅವನ ಬೆಂಚಿನಲ್ಲಿ ಯಾರೂ ಕೂರುತ್ತಿರಲಿಲ್ಲ. ಮರದ ಮಿಲ್ಲಿನಲ್ಲಿ ಇದ್ದ ಕೆಲಸ ಹೋಯಿತು. ನಮ್ಮಪ್ಪ ಸಾಯುವಾಗ ಅವನ ಕೈ ಹಿಡಿದುಕೊಂಡು, "ಈಗಲಾದರೂ ನಿಜ ಹೇಳು ಮಗನೇ" ಅಂದ. ಹೆತ್ತ ಅಪ್ಪ, ಐಲಿ. ಆರ್ವೋ ಕೈ ಬಿಡಿಸಿಕೊಂಡು ಹೊರಗೆ ಹೋಗಿ ಕಟ್ಟಿಗೆ ಒಡೆದ. ಕತ್ತಲಾಗುವ ತನಕ ಒಡೆದ.

1989ರ ಫೆಬ್ರವರಿಯಲ್ಲಿ ಕೊಲ್ಲಿಯ ಹಿಮಗಡ್ಡೆಯ ಮೇಲೆ ಮೀನು ಹಿಡಿಯಲು ಹೋಗ್ತೀನಿ ಅಂತ ಹೋದ. ಗಾಳ ಒಯ್ದಿರಲಿಲ್ಲ.

ಮೂರನೇ ದಿನ ಅವನನ್ನು ಹುಡುಕಿ ತಂದವನು ರೇನೋ. ನಮ್ಮ ಚಿಕ್ಕಪ್ಪನ ಮಗ, ನಿನಗೆ ನೆನಪಿರಬೇಕು. ಇಂಪಿ ಕಾಣೆಯಾದಾಗ ಊರ ಗಂಡಸರನ್ನೆಲ್ಲ ಸೇರಿಸಿಕೊಂಡು ಕಾಡಿಗೆ ಇಳಿದವನೂ ಅವನೇ. ನನಗೆ ಕ್ಯಾನ್ಸರ್ ಆದಾಗ ಇಪ್ಪತ್ತೆರಡು ಸಲ ಆಸ್ಪತ್ರೆಗೆ ಕರೆದುಕೊಂಡು ಹೋದ, ನನಗೆ ತಡವಾದರೆ ನರ್ಸುಗಳ ಹತ್ತಿರ ಜಗಳ ಕಾಯುತ್ತಿದ್ದ. ಚಳಿಗಾಲದಲ್ಲಿ ನನ್ನ ಛಾವಣಿಯ ಹಿಮ ಇಳಿಸುವವನು ಅವನು. ಕೊಸ್ಕೆಲಾ ಮನೆಯಲ್ಲಿ ನನಗೆ ಉಳಿದಿರುವುದು ಅವನೊಬ್ಬ. ನಿನ್ನ ಕಾಗದ ಅವನಿಗೂ ತೋರಿಸಿದೆ. ಬಹಳ ಹೊತ್ತು ಓದಿದ. "ಸತ್ತವರನ್ನ ಕೆದಕಬೇಡ ಅಂತ ಬರಿ ಅವಳಿಗೆ" ಅಂದ.

ಬರೆದಿದ್ದೇನೆ.

ವೆರ್ನಾ ಕೊಸ್ಕೆಲಾ


ಡುಲೂತ್
2 ಡಿಸೆಂಬರ್ 2018

ವೆರ್ನಾ,

ಇವತ್ತು ಇಂಪಿಗೆ ಅರವತ್ತು ತುಂಬುತ್ತಿತ್ತು.

ಅರವತ್ತರ ಇಂಪಿಯನ್ನು ಊಹಿಸಿಕೊಳ್ಳಲು ಬೆಳಿಗ್ಗೆಯಿಂದ ನೋಡುತ್ತಿದ್ದೇನೆ, ಆಗುತ್ತಿಲ್ಲ. ಹದಿನೆಂಟರವಳೇ ಬಂದು ನಿಲ್ಲುತ್ತಾಳೆ. ಪೊಲೀಸು ಫೈಲಿನಲ್ಲಿ ಅವಳು ಐದಡಿ ಮೂರಿಂಚು, ಕಂದು ಕೂದಲು, ಎಡಗೈ ಮೇಲೆ ಸುಟ್ಟ ಗುರುತು. ಆ ಗುರುತು ಅವಳು ಕೆಲಸ ಮಾಡುತ್ತಿದ್ದ ಬೇಕರಿಯ ಬಿಸಿ ತಟ್ಟೆಯಿಂದ ಆದದ್ದು ಅಂತ ಅದರಲ್ಲಿಲ್ಲ. ಏಲಕ್ಕಿ ಬ್ರೆಡ್ ಕದ್ದು ಅಪ್ರನ್ನಿನೊಳಗೆ ಬಚ್ಚಿಟ್ಟು ತಂದು ನಮ್ಮಿಬ್ಬರಿಗೂ ಕೊಡುತ್ತಿದ್ದಳು, ಆ ಬಟ್ಟೆಯ ಸೋಪಿನ ವಾಸನೆ ಬ್ರೆಡ್ಡಿಗೂ ಹತ್ತಿರುತ್ತಿತ್ತು ಅಂತ ಅದರಲ್ಲಿಲ್ಲ. ಶವಸಂಸ್ಕಾರದಲ್ಲಿ ಅವಳಿಗೆ ನಗು ಬರುತ್ತಿತ್ತು. ಪಾದ್ರಿಯ ಹೆಂಡತಿ ತೀರಿಕೊಂಡಾಗ ನೀನು ಅವಳ ತೊಡೆ ಚಿವುಟಿ ಚಿವುಟಿ ಕೂರಿಸಿದ್ದೆ. ನಮ್ಮಮ್ಮ ಚಿವುಟಿದರೆ ಕೇಳುತ್ತಿರಲಿಲ್ಲ, ನೀನು ಚಿವುಟಿದರೆ ಕೇಳುತ್ತಿದ್ದಳು.

ನಿನ್ನ ಮನೆಯಲ್ಲಿ ತಿಂದಷ್ಟು ಅವಳು ನಮ್ಮ ಮನೆಯಲ್ಲಿ ತಿಂದವಳಲ್ಲ. ಅದಕ್ಕೇ ಕೇಳುತ್ತಿದ್ದೇನೆ. ನಿನ್ನ ಅಣ್ಣ ಮಾಡಿಲ್ಲ ಅಂತ ನಿನಗೆ ಅಷ್ಟು ಗಟ್ಟಿಯಾಗಿ ಗೊತ್ತಿದ್ದರೆ ಆ ಕೊಳವೆಗೆ ಯಾಕೆ ಹೆದರುತ್ತೀ? ಅದು ನಿನ್ನ ಮಾತೂ ಕೇಳುವುದಿಲ್ಲ, ನನ್ನ ಮಾತೂ ಕೇಳುವುದಿಲ್ಲ.

ಐಲಿ


ಲಿನ್ನಾ ಬೇ
19 ಡಿಸೆಂಬರ್ 2018

ಐಲಿ,

ಉಗುಳಿದೆ.

ಡಾನಾ ಎದುರಿಗೆ, ಅಡಿಗೆಮನೆ ಮೇಜಿನ ಹತ್ತಿರ ಕೂತು. ಬಾಯಿ ಒಣಗಿಹೋಗಿ ಎಂಜಲೇ ಬರಲಿಲ್ಲ. "ನಿಂಬೆಹಣ್ಣು ನೆನೆಸಿಕೊಳ್ಳಿ" ಅಂದಳು. ನಾನು ನಿನ್ನನ್ನು ನೆನೆಸಿಕೊಂಡೆ. ಕೊಳವೆ ತುಂಬಿತು.

ರೇನೋಗೆ ಹೇಳಿಲ್ಲ. ಬೇಡ ಅಂದಿದ್ದ, ನೊಂದುಕೊಳ್ಳುತ್ತಾನೆ.

ಆರ್ವೋ ಅಲ್ಲ ಅಂತ ಬಂದರೆ ಆಮೇಲೆ ನಿನ್ನ ಮುಖ ಎಲ್ಲಿಟ್ಟುಕೊಳ್ಳುತ್ತೀಯೋ, ಈಗಲೇ ಯೋಚಿಸು.

ವೆರ್ನಾ


ಡುಲೂತ್
10 ಫೆಬ್ರವರಿ 2019

ವೆರ್ನಾ,

ಜನವರಿಯಲ್ಲಿ ಫಲಿತಾಂಶ ಬರುತ್ತದೆ ಅಂದಿದ್ದರು. ಜನವರಿ ಹೋಯಿತು. ಡಾನಾಗೆ ಮೂರು ಸಲ ಫೋನ್ ಮಾಡಿದೆ. "ಈಗ ಏನೂ ಹೇಳುವ ಹಾಗಿಲ್ಲ, ಸ್ವಲ್ಪ ತಾಳಿ" ಅನ್ನುತ್ತಾಳೆ. ಅವಳ ದನಿಯೇ ಬದಲಾಗಿದೆ. ನಿನಗೆ ಬರೆದ ಎರಡು ಕಾಗದಕ್ಕೂ ಉತ್ತರ ಇಲ್ಲ.

ಆರ್ವೋ ಅಲ್ಲ ಅಂತ ಬಂದಿದ್ದರೆ ನೀನು ಸುಮ್ಮನಿರುವವಳಲ್ಲ. ಹಿಮದ ಬಿರುಗಾಳಿಯಲ್ಲಿ ನಡೆದುಕೊಂಡಾದರೂ ಡುಲೂತಿಗೆ ಬಂದು ನನ್ನ ಬಾಗಿಲು ಬಡಿಯುತ್ತಿದ್ದೆ. ನೀನು ಸುಮ್ಮನಿದ್ದೀಯ. ಅಲ್ಲಿಗೆ ಉತ್ತರ ಸಿಕ್ಕಿದ ಹಾಗೇ.

ನೀನು ನನ್ನ ಕ್ಷಮೆ ಕೇಳುವುದೇನೂ ಬೇಡ. ಅವನೇ ಅಂತ ಒಂದೇ ಒಂದು ಸಾಲು ಬರಿ. ಅಷ್ಟನ್ನು ಓದಿ ಸಾಯುವ ಹಕ್ಕು ನನಗಿದೆ.

ಐಲಿ ಪೆಲ್ಟೊ


ಲಿನ್ನಾ ಬೇ
3 ಮಾರ್ಚ್ 2019, ಭಾನುವಾರ

ಐಲಿ,

ಈ ಕಾಗದ ನಾಳೆ ಡಾನಾ ಕೈಗೆ ಕೊಡುತ್ತೇನೆ. ಕೆಲಸ ಮುಗಿದ ಮೇಲೆ ಅವಳೇ ನಿನಗೆ ತಲುಪಿಸುತ್ತಾಳೆ. ಯಾರಿಗೂ ಒಂದು ಮಾತು ಆಡಕೂಡದು ಅಂತ ನನಗೆ ಅಪ್ಪಣೆ. ಬರೆಯದೇ ಇದ್ದರೆ ತಲೆ ಸಿಡಿದುಹೋಗುತ್ತದೆ.

ಜನವರಿ ಇಪ್ಪತ್ತೆರಡಕ್ಕೆ ಡಾನಾ ಬಂದಳು. ಕೋಟು ಬಿಚ್ಚದೆ ಕೂತಳು. "ಕೊಂದವನು ನಿಮ್ಮ ಒಡಹುಟ್ಟಿದವನಾಗಿದ್ದರೆ ಇಬ್ಬರ ಡಿಎನ್ಎ ಅರ್ಧದಷ್ಟು ಹೊಂದಬೇಕಿತ್ತು. ಹೊಂದಿರೋದು ಎಂಟರಲ್ಲೊಂದು ಪಾಲು. ಅವನು ನಿಮ್ಮ ಅಣ್ಣ ಅಲ್ಲ, ವೆರ್ನಾ" ಅಂದಳು.

ನಲವತ್ತೊಂದು ವರ್ಷ ಕಾದ ಮಾತು. ಎದ್ದು ನಿಂತೆ. ಯಾಕೆ ನಿಂತೆ ಗೊತ್ತಿಲ್ಲ. ಆರ್ವೋನ ಕೋಣೆಯ ಬಾಗಿಲ ತನಕ ಹೋದೆ, ಅವನಿಗೆ ಹೇಳೋಣ ಅಂತ. ಅಲ್ಲಿ ನಿಂತಿದ್ದಾಗ ಹಿಂದಿನಿಂದ ಡಾನಾ ಮೆಲ್ಲಗೆ ಕೇಳಿದಳು, "ಎಂಟರಲ್ಲೊಂದು ಪಾಲು ಅಂದರೆ ದೊಡ್ಡಪ್ಪ ಚಿಕ್ಕಪ್ಪನ ಮಕ್ಕಳು. ನಿಮ್ಮಜ್ಜನಿಗೆ ಗಂಡು ಮೊಮ್ಮಕ್ಕಳು ಎಷ್ಟು ಜನ?"

ನಾಲ್ಕು. ಆರ್ವೋ. ವಿಯೆಟ್ನಾಮಿನಲ್ಲಿ 1969ರಲ್ಲೇ ಸತ್ತ ವಾಲ್ಟರ್. ಆಗಿನ್ನೂ ಆರು ವರ್ಷದವನಾಗಿದ್ದ ಕಾರ್ಲ್. ನಾಲ್ಕನೇ ಹೆಸರು ನನ್ನ ಬಾಯಿಂದ ಬರಲಿಲ್ಲ. ಅವಳೂ ಒತ್ತಾಯ ಮಾಡಲಿಲ್ಲ. ಅವಳ ಪುಸ್ತಕದಲ್ಲಿ ಅದಾಗಲೇ ಇತ್ತು.

ಗೊತ್ತಾದರೆ ಸಾಲದು, ರೇನೋನದೇ ಎಂಜಲು ಬೇಕು, ಕೋಟಿನ ರಕ್ತದ ಜೊತೆ ಹೋಲಿಸಲು. ಮೂರು ವಾರ ಅವನ ಕಸಕ್ಕೆ ಕಾದರಂತೆ. ಅವನು ಕಸ ಹೊರಗಿಡುವುದಿಲ್ಲ, ಹಿತ್ತಲಿನ ಪೀಪಾಯಿಯಲ್ಲಿ ಸುಡುತ್ತಾನೆ. ಮುಂಚೆ ವಾರಕ್ಕೊಮ್ಮೆ ಸುಡುತ್ತಿದ್ದ. ನವೆಂಬರಿನಿಂದ ದಿನಾ ಸುಡುತ್ತಿದ್ದಾನೆ. ನವೆಂಬರಿನಲ್ಲಿ ನಿನ್ನ ಕಾಗದ ಅವನ ಕೈಗೆ ಕೊಟ್ಟವಳು ನಾನು.

ಹೋಟೆಲಿಗೆ ಹೋಗುವವನಲ್ಲ, ಬಾರಿಗೆ ಹೋಗುವವನಲ್ಲ. ಚರ್ಚ್ ಮುಗಿಸಿ ಭಾನುವಾರ ನನ್ನ ಮನೆಗೆ ಬರುತ್ತಾನೆ. ಕಾಫಿ ಕುಡಿದು ತನ್ನ ಕಪ್ ತಾನೇ ತೊಳೆದಿಟ್ಟು ಹೋಗುತ್ತಾನೆ. ಯಾವ ಗಂಡಸು ತೊಳೀತಾನೆ ಹೇಳಿ ಅಂತ ನಾನು ಇಪ್ಪತ್ತು ವರ್ಷ ಊರೆಲ್ಲ ಹೊಗಳಿದ್ದೇನೆ.

ಫೆಬ್ರವರಿ ಹದಿನೇಳರಂದು ಅವನು ಬರುವ ಮುಂಚೆ ನೆಲಮಾಳಿಗೆಗೆ ಇಳಿದು ನೀರಿನ ವಾಲ್ವ್ ಬಂದ್ ಮಾಡಿದೆ. ಇದು ಡಾನಾ ಹೇಳಿಕೊಟ್ಟದ್ದಲ್ಲ, ನನ್ನದೇ ಬುದ್ಧಿ. ಅವಳು ಎರಡು ಮನೆ ಆಚೆ ಕಾರಿನಲ್ಲಿದ್ದಳು. ಏನಾದರೂ ಆದರೆ ಮುಂಬಾಗಿಲ ದೀಪ ಹಾಕಿ ಅಂದಿದ್ದಳು. ರೇನೋ ಬಂದ, ಕೂತ, ಕಾಫಿ ಕುಡಿದ, ಎರಡು ತುಂಡು ಬ್ರೆಡ್ ತಿಂದ. ಕಪ್ ಕೆಳಗಿಡುತ್ತ ಕೇಳಿದ:

"ಆ ಪೊಲೀಸಿನವಳು ಮತ್ತೆ ಬಂದಿದ್ದಳಾ?"

"ಬಂದಿದ್ದಳು. ಬಾಗಿಲು ತೆಗೀಲಿಲ್ಲ."

"ಉಗುಳು ಕೊಡಲಿಲ್ಲ ತಾನೇ?"

"ಹುಚ್ಚಾ ನನಗೆ?"

ನಕ್ಕ. ಕಪ್ ಎತ್ತಿಕೊಂಡು ಸಿಂಕಿಗೆ ಹೋಗಿ ನಲ್ಲಿ ತಿರುಗಿಸಿದ. ನೀರು ಬರಲಿಲ್ಲ. "ಪೈಪು ಹೆಪ್ಪುಗಟ್ಟಿರಬೇಕು. ಇಟ್ಟುಬಿಡು, ಆಮೇಲೆ ನಾನೇ ತೊಳೀತೀನಿ" ಅಂದೆ.

ಈ ಊರಿನ ಅರ್ಧ ಪೈಪು ರಿಪೇರಿ ಮಾಡಿದವನು ಅವನು! ಅದು ನನಗೆ ಆ ಕ್ಷಣದ ತನಕ ಹೊಳೆದಿರಲಿಲ್ಲ. "ಹೆಪ್ಪುಗಟ್ಟಿದ್ದರೆ ಒಡೆಯುತ್ತೆ ಮಾರಾಯ್ತಿ, ನೋಡ್ತೀನಿ ಇರು" ಅಂತ ಟಾರ್ಚ್ ಹಿಡಿದು ಕೆಳಗೆ ಇಳಿದೇ ಬಿಟ್ಟ. ಅವನ ಕಪ್ಪನ್ನು ಓವನ್ನಿನೊಳಗೆ ಬಚ್ಚಿಟ್ಟೆ. ಅದೇ ಜೊತೆಯ ಇನ್ನೊಂದು ಕಪ್ಪಿಗೆ ನನ್ನ ಕಾಫಿ ಒಂದಿಷ್ಟು ಸುರಿದು, ಅಲ್ಲಾಡಿಸಿ, ಚೆಲ್ಲಿ, ಸಿಂಕಿನಲ್ಲಿ ಇಟ್ಟೆ. ಅವಸರದಲ್ಲಿ ಕಪ್ ಸಿಂಕಿಗೆ ತಾಗಿ ಠಣ್ ಅಂತು. ಕೆಳಗೆ ಅವನ ಹೆಜ್ಜೆ ನಿಂತಿತು. ಆಮೇಲೆ ಮೆಟ್ಟಿಲು ಹತ್ತುವ ಸದ್ದು. ಒಂದೊಂದೇ.

ಬಾಗಿಲಲ್ಲಿ ನಿಂತು ನನ್ನನ್ನೇ ನೋಡಿದ. "ಹೆಪ್ಪುಗಟ್ಟಿಲ್ಲ ವೆರ್ನಾ. ಯಾರೋ ವಾಲ್ವ್ ತಿರುಗಿಸಿದ್ದಾರೆ."

"ನಾನೇ ಇರಬೇಕು. ನಿನ್ನೆ ಚಳಿ ಜಾಸ್ತಿ ಇತ್ತಲ್ಲ, ಪೈಪು ಒಡೆದರೆ ಅಂತ... ಮರೆತೇಹೋಗಿತ್ತು ನೋಡು."

"ಮರೆವು ಒಳ್ಳೇದು," ಅಂದ ರೇನೋ. "ನಮ್ಮ ವಯಸ್ಸಿಗೆ ದೇವರು ಕೊಡೋ ಉಡುಗೊರೆ ಅದು."

ವಾಲ್ವ್ ತೆಗೆದೇ ಬಂದಿದ್ದ. ಆ ಇನ್ನೊಂದು ಕಪ್ಪನ್ನು ತೊಳೆದ. ನಿಧಾನವಾಗಿ, ಒಳಗೆ ಹೊರಗೆ, ಹಿಡಿಯ ಸಂದಿಯನ್ನೂ ಬಿಡದೆ. ಬಟ್ಟೆಯಲ್ಲಿ ಒರೆಸಿ ಕಪಾಟಿನಲ್ಲಿಟ್ಟ. ನನ್ನ ಭುಜ ತಟ್ಟಿ ಹೋದ.

ಓವನ್ನಿನಲ್ಲಿದ್ದ ಕಪ್ ಡಾನಾಗೆ ಕೊಟ್ಟು ಎರಡು ವಾರವಾಯಿತು. ಪ್ರಯೋಗಾಲಯದಿಂದ ಇನ್ನೂ ಬಂದಿಲ್ಲ. ಕಳೆದ ಭಾನುವಾರವೂ ಬಂದ, ಛಾವಣಿಯ ಹಿಮ ಇಳಿಸಿಕೊಟ್ಟ. ತಲೆಯ ಮೇಲೆ ಅವನ ಹೆಜ್ಜೆ ಕೇಳುತ್ತ ಕೆಳಗೆ ಕೂತಿದ್ದೆ. ಅವನು ಅಲ್ಲದೇ ಇರಲಿ ಅಂತ ಪ್ರಾರ್ಥನೆ ಮಾಡುತ್ತೇನೆ, ಐಲಿ. ಅವನು ಅಲ್ಲದಿದ್ದರೆ ಮತ್ತೆ ಯಾರೂ ಸಿಗುವುದಿಲ್ಲ, ಆರ್ವೋನೇ ಅಂತ ಊರು ಅಂದುಕೊಂಡೇ ಇರುತ್ತದೆ. ಆಮೇಲೆ ಅವನೇ ಆಗಿರಲಿ ಅಂತ ಪ್ರಾರ್ಥಿಸುತ್ತೇನೆ. ದೇವರಿಗೂ ತಲೆ ಕೆಟ್ಟಿರಬೇಕು.

ಅವನ ಟ್ರಕ್ಕಿನ ಸದ್ದು. ನಿಲ್ಲಿಸುತ್ತೇನೆ.

ಮಧ್ಯಾಹ್ನ.

ಹೋದ. ಇವತ್ತು ಒಳಗೆ ಕೂರಲಿಲ್ಲ, ಕಾಫಿ ಬೇಡ ಅಂದ. ಕೈಗವಸು ಬಿಚ್ಚದೆ ಬಾಗಿಲಲ್ಲೇ ನಿಂತಿದ್ದ. "ನಿನ್ನ ಬಿಟ್ಟರೆ ನನಗೆ ಯಾರಿದ್ದಾರೆ ವೆರ್ನಾ" ಅಂದ. ಅದು ಪ್ರೀತಿಯಿಂದ ಅಂದದ್ದೋ, ಹೆದರಿಸಲು ಅಂದದ್ದೋ ಗೊತ್ತಾಗಲಿಲ್ಲ. ಅರವತ್ತಾರು ವರ್ಷ ಕಂಡ ಮುಖ ಅದು.

ವೆರ್ನಾ


ಡುಲೂತ್
2 ಏಪ್ರಿಲ್ 2019

ವೆರ್ನಾ,

ಕಪ್ಪಿನ ಎಂಜಲು ಕೋಟಿನ ರಕ್ತಕ್ಕೆ ಹೊಂದಿತು, ಮಾರ್ಚ್ ಹದಿನಾಲ್ಕಕ್ಕೆ ರೇನೋನನ್ನು ಹಿಡಿದರು ಅಂತ ಡಾನಾ ಬಂದು ಹೇಳಿದಳು. ನಿನ್ನ ಕಾಗದವನ್ನೂ ಅವತ್ತೇ ಕೊಟ್ಟಳು. ಹತ್ತೊಂಬತ್ತು ದಿನ ಅದನ್ನು ಇಟ್ಟುಕೊಂಡು ಕೂತಿದ್ದೇನೆ. ಏನೇನೋ ಬರೆದೆ, ಹರಿದೆ. ಫೆಬ್ರವರಿಯಲ್ಲಿ ನಾನು ನಿನಗೆ ಬರೆದ ಸಾಲುಗಳು ನೆನಪಾದರೆ ಮೈ ಉರಿಯುತ್ತದೆ. ಆ ಕಾಗದ ನಿನ್ನ ಕೈ ಸೇರಿದ ವಾರವೇ ನೀನು ನೆಲಮಾಳಿಗೆಗೆ ಇಳಿದಿದ್ದೆ.

ಆದರೆ ನಾನು ಹೇಳಬೇಕಾದದ್ದು ಅದಲ್ಲ. ಇದನ್ನು ಡಾನಾಗೆ ನಿನ್ನೆ ಹೇಳಿದ್ದೇನೆ, ಅವಳು ಬರೆದುಕೊಂಡಿದ್ದಾಳೆ. ನಿನಗೂ ನಾನೇ ಹೇಳಬೇಕು.

ಸಾಯುವ ವಾರ ಇಂಪಿ ಪಾತ್ರೆ ಒರೆಸುತ್ತ ನಿಂತಿದ್ದಳು. "ಆ ಕೊಸ್ಕೆಲಾ ಮನೆಯ ಹುಡುಗ ಬಿಡ್ತಾನೇ ಇಲ್ಲ ಕಣೇ. ಬೇಕರಿ ಮುಂದೆ ಬಂದು ನಿಂತಿರ್ತಾನೆ" ಅಂದಳು. ಅಷ್ಟೇ ಅಂದದ್ದು. ಆರ್ವೋ ಅನ್ನಲಿಲ್ಲ. ನಾನು ಕೇಳಲೂ ಇಲ್ಲ. ನನಗೆ ಅವತ್ತು ಯಾವುದೋ ಅವಸರ ಇತ್ತು, ಏನು ಅಂತ ಕೂಡ ನೆನಪಿಲ್ಲ. ಆರ್ವೋ ಅವಳಿಗೆ ಕಾರು ಓಡಿಸುವುದು ಕಲಿಸುತ್ತಿದ್ದ, ಹಾಗಾಗಿ ಅವನೇ ಇರಬೇಕು ಅಂದುಕೊಂಡೆ. ಶೆರಿಫ್, "ಯಾವ ಕೊಸ್ಕೆಲಾ? ಹೆಸರು ಹೇಳಿದಳಾ?" ಅಂತ ಕೇಳಿದ. ಹೇಳಿದಳು ಅಂದೆ. ಗೊತ್ತಿಲ್ಲ ಅಂದರೆ ಹುಡುಕುವುದನ್ನೇ ಬಿಟ್ಟುಬಿಡುತ್ತಾರೆ ಅಂತ ಹೆದರಿಕೆ. ಆ ಹೊತ್ತಿನಲ್ಲಿ ರೇನೋ ನಮ್ಮ ಮನೆಯ ಅಂಗಳದಲ್ಲಿ ನಿಂತು ಹುಡುಕಲು ಹೊರಟವರಿಗೆ ಲಾಟೀನು ಹಂಚುತ್ತಿದ್ದ. ಕಿಟಕಿಯಿಂದ ಕಾಣುತ್ತಿದ್ದ.

ಆಮೇಲೆ ಪ್ರತಿ ಸಲ ಹೇಳುವಾಗಲೂ ಆರ್ವೋ ಅಂದೆ. ಹೇಳಿ ಹೇಳಿ ಇಂಪಿಯ ಬಾಯಲ್ಲೇ ಕೇಳಿದ ಹಾಗೆ ಆಗಿಬಿಟ್ಟಿತು. ನವೆಂಬರಿನಲ್ಲಿ ನಿನಗೂ ಹಾಗೇ ಬರೆದೆ. ಆದರೆ ವೆರ್ನಾ, ಒಳಗೆ ಎಲ್ಲೋ ಗೊತ್ತಿತ್ತು. ಅವಳು ಹೆಸರು ಹೇಳಿರಲಿಲ್ಲ ಅನ್ನುವುದು ಗೊತ್ತಿತ್ತು. ನಾನು ಶೆರಿಫ್‌ಗೆ ಅವಳ ಮಾತನ್ನು ಇದ್ದದ್ದು ಇದ್ದ ಹಾಗೆ ಹೇಳಿದ್ದರೆ ಇಬ್ಬರು ಹುಡುಗರನ್ನೂ ಕರೆಸುತ್ತಿದ್ದ. ಅವಳು ಕಚ್ಚಿದ ಗಾಯ ಒಬ್ಬನ ಕೈಮೇಲೆ ಆಗಿನ್ನೂ ಹಸಿಯಾಗಿರುತ್ತಿತ್ತು.

ಕ್ಷಮಿಸು ಅಂತ ಬರೆಯಲು ಕೈ ಬರುತ್ತಿಲ್ಲ. ಅದು ತೀರಾ ಸಣ್ಣ ಮಾತು.

ಐಲಿ


ಲಿನ್ನಾ ಬೇ
12 ಮೇ 2019

ಐಲಿ,

ನಿನ್ನ ಕಾಗದ ಓದಿದ ದಿನ ನೀನು ನನ್ನೆದುರಿಗೆ ಇದ್ದಿದ್ದರೆ ಏನು ಮಾಡುತ್ತಿದ್ದೆನೋ ಹೇಳಲಾರೆ. ಒಂದು ತಿಂಗಳು ನಿನಗೆ ಬರೆಯಬಾರದು ಅಂದುಕೊಂಡಿದ್ದೆ. ಇಂಪಿಯ ವಿಷಯ ನಿನಗೆ ತಿಳಿಯಬೇಕು ಅನ್ನುವ ಒಂದೇ ಕಾರಣಕ್ಕೆ ಇದು.

ರೇನೋನನ್ನು ನೋಡಲು ಜೈಲಿಗೆ ಹೋಗಿದ್ದೆ. ಡಾನಾ ಕರೆದುಕೊಂಡು ಹೋದಳು. ಗಾಜಿನ ಆಚೆ ಕೂತಿದ್ದ, ಕೈಯಲ್ಲಿ ಫೋನು. ಗಡ್ಡ ಬೋಳಿಸಿರಲಿಲ್ಲ. ಮೊದಲು ಕೇಳಿದ್ದು ಏನು ಗೊತ್ತಾ? "ಛಾವಣಿ ಸೋರ್ತಿದೆಯಾ?"

"ಇಂಪಿಗೆ ಏನು ಮಾಡಿದೆ?" ಅಂದೆ.

ಹೇಳಿದ. ಅವತ್ತು ಆಲಿಕಲ್ಲು ಬೀಳುತ್ತಿತ್ತು. ಬೇಕರಿ ಮುಚ್ಚಿ ಅವಳು ನಡೆದುಕೊಂಡು ಬರುತ್ತಿದ್ದಳು. ಪಕ್ಕದಲ್ಲಿ ಟ್ರಕ್ ನಿಲ್ಲಿಸಿ, "ಇನ್ನು ಕಾಟ ಕೊಡಲ್ಲ, ತಪ್ಪಾಯ್ತು ಅಂತ ಹೇಳೋಕೆ ಬಂದೆ, ಹತ್ತಿಕೋ, ಮನೆಗೆ ಬಿಡ್ತೀನಿ" ಅಂದನಂತೆ. ಅವಳು ಸ್ವಲ್ಪ ಯೋಚಿಸಿ, "ಹೋಗಲಿ ಬಿಡು" ಅಂತ ನಕ್ಕು ಹತ್ತಿದಳಂತೆ. ನಂಬಿದಳು, ಐಲಿ. ತಪ್ಪಾಯ್ತು ಅಂದವನನ್ನು ನಂಬಿದಳು. ಮುಂದಿನದನ್ನು ಅವನು ಹೇಳಲಿಲ್ಲ. ನಾನೂ ಕೇಳಲಿಲ್ಲ.

"ಮತ್ತೆ ಆರ್ವೋ?" ಅಂದೆ. "ಅವನು ಹನ್ನೊಂದು ವರ್ಷ ಬೆಂದದ್ದು ನಿನ್ನ ಕಣ್ಣೆದುರಿಗೇ ಅಲ್ಲವಾ? ಹಿಮಗಟ್ಟಿದ ಅವನ ಹೆಣ ಹೊತ್ತು ತಂದೆಯಲ್ಲೋ ನೀನು?"

ಅವನು ಅಂದ, "ನಾನು ಅವನ ಹೆಸರು ಹೇಳಲಿಲ್ಲ ವೆರ್ನಾ. ಐಲಿ ಹೇಳಿದಳು. ನಾನು ಸುಮ್ಮನಿದ್ದೆ, ಅಷ್ಟೇ."

ಫೋನ್ ಇಟ್ಟು ಎದ್ದು ಬಂದೆ. ಅವನು ಗಾಜು ತಟ್ಟುತ್ತಿದ್ದ, ತಿರುಗಿ ನೋಡಲಿಲ್ಲ.

ದಾರಿಯುದ್ದಕ್ಕೂ ಆ ಮಾತೇ. ನಿನ್ನ ಮೇಲಿನ ಸಿಟ್ಟಿಗೆ ಅವನು ಸೌದೆ ಹಾಕಿಕೊಟ್ಟಿದ್ದ, ಉರಿಯಬೇಕಿತ್ತು. ಉರಿಯಲಿಲ್ಲ. ಅವನ ಹತ್ತಿರ ನಿಜ ಇತ್ತು, ನಲವತ್ತೊಂದು ವರ್ಷ ಬಾಯಿ ಬಿಡಲಿಲ್ಲ. ನಿನ್ನ ಹತ್ತಿರ ಇದ್ದದ್ದನ್ನು ಹಿಡಿದುಕೊಂಡು ಹೋಗಿ ಡಾನಾಗೆ ಕೊಟ್ಟೆ, ಯಾರೂ ಕೇಳದೆ. ನೀನು ಬಾಯಿ ಮುಚ್ಚಿಕೊಂಡಿದ್ದರೆ ಯಾರಿಗೂ ಗೊತ್ತಾಗುತ್ತಿರಲಿಲ್ಲ.

ಇದು ಕ್ಷಮೆ ಅಲ್ಲ. ಲೆಕ್ಕ ಬೇರೆ ಬೇರೆ ಅಂತ ಹೇಳುತ್ತಿದ್ದೇನೆ.

ವೆರ್ನಾ


ಡುಲೂತ್
20 ಆಗಸ್ಟ್ 2019

ವೆರ್ನಾ,

ರೇನೋ ತಪ್ಪೊಪ್ಪಿಕೊಂಡಿದ್ದಾನೆ, ವಿಚಾರಣೆ ಇಲ್ಲ ಅಂತ ನಿನಗೂ ಹೇಳಿರುತ್ತಾರೆ. ಕಡಿಮೆ ಅಂದರೂ ನಲವತ್ತು ವರ್ಷವಂತೆ. ಹೊರಗೆ ಬರುವುದು ಶವಪೆಟ್ಟಿಗೆಯಲ್ಲೇ. ಸೆಪ್ಟೆಂಬರ್ ಹನ್ನೆರಡಕ್ಕೆ ಶಿಕ್ಷೆ ಓದುತ್ತಾರೆ.

ಅದಕ್ಕೂ ಮುಂಚೆ ಸತ್ತವಳ ಮನೆಯವರು ಮಾತಾಡಬಹುದು. ನನಗೆ ಹದಿನೈದು ನಿಮಿಷ ಕೊಟ್ಟಿದ್ದಾರೆ. ಇಂಪಿಯ ಬಗ್ಗೆ ಬರೆದುಕೊಂಡೆ. ಅವಳು ಹೇಗೆ ಸತ್ತಳು ಅನ್ನುವುದು ಅದರಲ್ಲಿ ಒಂದು ಸಾಲೂ ಇಲ್ಲ. ಅದನ್ನು ನಲವತ್ತು ವರ್ಷದಿಂದ ಎಲ್ಲರೂ ಹೇಳುತ್ತಿದ್ದಾರೆ. ಅವಳ ನಗು, ಅವಳು ಕದ್ದ ಬ್ರೆಡ್, ಅವಳು ತಪ್ಪು ತಪ್ಪಾಗಿ ಹಾಡುತ್ತಿದ್ದ ಪ್ರಾರ್ಥನೆಗಳು, ಅಷ್ಟೇ. ಓದಿದರೆ ಏಳು ನಿಮಿಷ.

ಉಳಿದ ಎಂಟು ನಿಮಿಷ ನಿನಗೆ ಕೊಡಬೇಕು ಅಂತ ನ್ಯಾಯಾಧೀಶರಿಗೆ ಅರ್ಜಿ ಕೊಟ್ಟೆ. ಸರ್ಕಾರಿ ವಕೀಲ, "ಆರ್ವೋ ಕೊಸ್ಕೆಲಾ ಈ ಕೇಸಿನ ಬಲಿಪಶು ಅಲ್ಲ ಮೇಡಂ, ಅಪರಾಧಿಯ ಕಡೆಯವರು ನಿಮ್ಮ ಪಕ್ಕ ನಿಂತು ಮಾತಾಡೋದು ಎಲ್ಲೂ ಇಲ್ಲ" ಅಂದ. ಅವನನ್ನು ಬಲಿ ಕೊಟ್ಟವಳು ನಾನು, ನನಗೆ ಗೊತ್ತಿಲ್ಲದೆ ನಿಮಗೆ ಗೊತ್ತಾ ಅಂದೆ. ನ್ಯಾಯಾಧೀಶರು ಒಪ್ಪಿದ್ದಾರೆ. ನಾನು ಹೆಸರು ಹೇಗೆ ಸೇರಿಸಿದೆ ಅನ್ನುವುದನ್ನು ಅಲ್ಲೇ, ಎಲ್ಲರೆದುರಿಗೂ ಮೊದಲು ನಾನು ಹೇಳುತ್ತೇನೆ. ಆಮೇಲೆ ನೀನು ಆರ್ವೋನ ಬಗ್ಗೆ ಮಾತಾಡು. ಲಿನ್ನಾ ಬೇಯಿಂದ ಬಸ್ಸು ಮಾಡಿಕೊಂಡು ಜನ ಬರುತ್ತಾರಂತೆ. ಅವರು ಕೇಳಲಿ.

ಬರಲೇಬೇಕು ಅನ್ನುವುದಿಲ್ಲ. ನೀನು ಬರದಿದ್ದರೆ ಆ ಎಂಟು ನಿಮಿಷ ನಾನು ಸುಮ್ಮನೆ ನಿಂತಿರುತ್ತೇನೆ.

ಐಲಿ


ಲಿನ್ನಾ ಬೇ
1 ಸೆಪ್ಟೆಂಬರ್ 2019

ಐಲಿ,

ಬರೆದೆ. ಅಡಿಗೆಮನೆಯಲ್ಲಿ ನಿಂತು ಗಡಿಯಾರ ನೋಡಿಕೊಂಡು ಓದಿದೆ. ಹನ್ನೊಂದು ನಿಮಿಷ ಆಗುತ್ತದೆ. ಎಷ್ಟು ಕಡಿಮೆ ಮಾಡಿದರೂ ಅಷ್ಟೇ. ನಿಲ್ಲಿಸಿ ಅಂದರೆ ನಾನು ನಿಲ್ಲಿಸುವುದಿಲ್ಲ, ನೀನೂ ತಡೆಯಬೇಡ.

ಮೊನ್ನೆ ಚರ್ಚಿನಲ್ಲಿ ಮೂರು ಜನ ಬಂದು ನನ್ನ ಕೈ ಹಿಡಿದುಕೊಂಡರು. ಆರ್ವೋ ಒಳ್ಳೆಯವನು, ನಮಗೆ ಯಾವತ್ತೂ ಅನುಮಾನ ಇರಲಿಲ್ಲ ಅಂದರು. ಇರಲಿಲ್ಲವಂತೆ! ನಗು ಬಂತು. ಇಂಪಿ ಪಕ್ಕದಲ್ಲಿದ್ದಿದ್ದರೆ ಈ ಸಲ ಅವಳು ನನ್ನನ್ನು ಚಿವುಟಬೇಕಾಗಿತ್ತು.

ಕೋರ್ಟು ಇಲ್ಲಿಂದ ಐವತ್ತು ಮೈಲಿ. ನನಗೆ ಹೆದ್ದಾರಿಯಲ್ಲಿ ಕಾರು ಓಡಿಸಲು ಕಣ್ಣು ಸಾಲದು. ಎಲ್ಲಿಗೆ ಹೋಗುವುದಿದ್ದರೂ ಕರೆದುಕೊಂಡು ಹೋಗುತ್ತಿದ್ದವನು ರೇನೋ. ಊರವರ ಬಸ್ಸು ನಾನು ಹತ್ತುವುದಿಲ್ಲ. ನೀನೇ ಬಂದು ಕರೆದುಕೊಂಡು ಹೋಗಬೇಕು.

ಬೆಳಿಗ್ಗೆ ಒಂಬತ್ತಕ್ಕೆ ಅಲ್ಲಿರಬೇಕಾದರೆ ನೀನು ಹಿಂದಿನ ದಿನವೇ ಇಲ್ಲಿಗೆ ಬರಬೇಕಾಗುತ್ತದೆ. ಹೋಟೆಲು ಹುಡುಕಬೇಡ, ನಮ್ಮೂರಲ್ಲಿ ಇದ್ದ ಒಂದೂ ಮುಚ್ಚಿದೆ. ಮನೆಯಲ್ಲಿ ಒಂದೇ ಕೋಣೆ ಖಾಲಿ ಇರುವುದು, ಆರ್ವೋನದು. ಹಾಸಿಗೆ ಬಿಸಿಲಿಗೆ ಹಾಕಿದ್ದೇನೆ, ಹೊದಿಕೆ ಒಗೆದಿದ್ದೇನೆ. ಅಲ್ಲೇ ಮಲಗು.

ನಿದ್ದೆ ಬರಲಿಲ್ಲ ಅಂದರೆ ನನ್ನನ್ನು ಎಬ್ಬಿಸು. ನಾನೂ ಎಚ್ಚರವಾಗಿಯೇ ಇರುತ್ತೇನೆ.

ವೆರ್ನಾ